ಎಮ್ಮೆ ಪಿಚ್ಚರಿನ ಉತ್ತರಾರ್ಧ

ಟಿವಿ ಆಫ್ ಮಾಡಿಸಿ ಸಿನಿಮಾ ತೋರಿಸುವ ಮನುಷ್ಯನನ್ನು ನೀವು ಎಲ್ಲಾದರೂ ನೋಡಿದ್ದೀರಾ? ನಾನು ನೋಡಿದ್ದೇನೆ. ನೋಡಿದ್ದೇನೆ ಎಂದರೆ ಸಾಲದು, ತಿಂಗಳಿಗೆ ಎರಡು ಭಾನುವಾರ ಅವನಿಗೆ ಕಾಫಿ ಮಾಡಿಕೊಡುತ್ತೇನೆ. ಭದ್ರಾವತಿಯಿಂದ ಬಸ್ಸು ಹತ್ತಿ ನೇರ ನಮ್ಮ ಮನೆಗೇ ಬರುತ್ತಾನೆ. ನನ್ನ ಅಮ್ಮನ ಅಣ್ಣ, ಅಂದರೆ ನನಗೆ ಸೋದರಮಾವ. ಅವನನ್ನು ಕಂಡರೆ ನನಗೆ ಹೊಟ್ಟೆಕಿಚ್ಚು. ಇದನ್ನು ಮೊದಲೇ ಹೇಳಿಬಿಡುವುದು ಒಳ್ಳೆಯದು. ಆಮೇಲೆ ನೀವಾಗಿಯೇ ಕಂಡುಹಿಡಿದರೆ ನನ್ನ ಮರ್ಯಾದೆ ಇನ್ನೂ ಕಡಿಮೆಯಾಗುತ್ತದೆ.

ಹೊಟ್ಟೆಕಿಚ್ಚಿಗೆ ಕಾರಣ ಅಜ್ಜಿ. ಅವಳು ಇರುವುದು ನಮ್ಮ ಜೊತೆ, ಶಿವಮೊಗ್ಗದ ವಿದ್ಯಾನಗರದಲ್ಲಿ. ಬೆಳಗ್ಗೆ ಅವಳಿಗೆ ಮಾತ್ರೆ ಕೊಡುವವಳು ನಾನು, ಬೆನ್ನಿಗೆ ಎಣ್ಣೆ ತಿಕ್ಕುವವಳು ನಾನು, ಎಲ್ಲೋ ಇಟ್ಟು ಮರೆತ ಹಲ್ಲಿನ ಸೆಟ್ಟನ್ನು ಹುಡುಕಿ ಕೊಡುವವಳೂ ನಾನು. ಹುಡುಕಿ ಕೊಟ್ಟ ಆ ಹಲ್ಲನ್ನು ಹಾಕಿಕೊಂಡು ಅಜ್ಜಿ ನಗುವುದು ಮಾತ್ರ ಮಾಮನ ಮಾತಿಗೆ! ನ್ಯಾಯ ಎಲ್ಲಿದೆ ಹೇಳಿ?

ನಾನು ದಿನಚರಿ ಬರೆಯುವವಳು. ಒಂದು ಕಾಲೇಜಿನ ಗ್ರಂಥಾಲಯದಲ್ಲಿ ಕೆಲಸ. ಪುಸ್ತಕಗಳಿಗೆ ನಂಬರು ಅಂಟಿಸಿ ಅಂಟಿಸಿ ಬದುಕಿಗೂ ಅಂಟಿಸುವ ಅಭ್ಯಾಸವಾಗಿಬಿಟ್ಟಿದೆ. ಗ್ಯಾಸ್ ಸಿಲಿಂಡರ್ ಬಂದದ್ದು ಯಾವತ್ತು, ಗೋಪಾಳದ ದೊಡ್ಡಮ್ಮ ಮುನಿಸಿಕೊಂಡದ್ದು ಯಾವತ್ತು, ಏನೂ ಆಗದವರಂತೆ ಮತ್ತೆ ಊಟಕ್ಕೆ ಬಂದದ್ದು ಯಾವತ್ತು, ಎಲ್ಲಕ್ಕೂ ತಾರೀಖು ಇದೆ. ಅಜ್ಜಿ ಹೊಟ್ಟೆ ಹಿಡಿದುಕೊಂಡು ನಕ್ಕದ್ದಕ್ಕೂ ಒಂದು ಕಾಲಂ ಇಟ್ಟಿದ್ದೇನೆ. ಮಾಮನ ಹೆಸರಿನ ಮುಂದೆ ಗೀಟುಗಳು ಪುಟ ದಾಟಿ ಹೋಗಿವೆ. ನನ್ನ ಹೆಸರಿನ ಮುಂದೆ ಒಂದೇ ಒಂದು ಗೀಟು. ಅದೂ ನಾನು ಹೇಳಿದ ಜೋಕಿಗೆ ಬಿದ್ದ ಗೀಟಲ್ಲ. ಆಗತಾನೆ ಒರೆಸಿದ ನೆಲದ ಮೇಲೆ ಇಡ್ಲಿ ತಟ್ಟೆ ಸಮೇತ ನಾನು ಬಿದ್ದದ್ದಕ್ಕೆ.

ಇನ್ನು ಮಾಮನ ಪ್ರದರ್ಶನದ ವಿಷಯ. ಬಂದವನೇ ಅವನು ಮಾಡುವ ಮೊದಲ ಕೆಲಸ ಟಿವಿ ಆಫ್ ಮಾಡಿಸಿ ಅದರ ಮೇಲೆ ತನ್ನ ಟವೆಲ್ ಹೊದಿಸುವುದು. ಅದು ತನ್ನನ್ನೇ ನೋಡುತ್ತಿದ್ದರೆ ಮಾತು ಹೊರಡುವುದಿಲ್ಲವಂತೆ. ಆಮೇಲೆ ಕಿಟಕಿಯ ಪರದೆ ಎಳೆಯಬೇಕು. ಆಮೇಲೆ ಟಿಕೆಟ್! ತಾನು ಬಂದ ಬಸ್ಸಿನ ಟಿಕೆಟನ್ನು ಚೂರು ಮಾಡಿ ಎಲ್ಲರಿಗೂ ಒಂದೊಂದು ಚೂರು ಹಂಚುತ್ತಾನೆ. ನಡುಮನೆಯ ಬಾಗಿಲಲ್ಲಿ ನಿಂತು ಆ ಚೂರನ್ನು ಇಸಿದುಕೊಂಡು ಮತ್ತೆ ಹರಿಯುವ ಗೇಟ್‌ಕೀಪರ್ ಕೆಲಸ ನನ್ನದು. ಪಕ್ಕದ ಮನೆಯವರು ತಡವಾಗಿ ಬಂದರೆ ಮೊಬೈಲಿನ ಬೆಳಕು ಹಿಡಿದು ಅವರನ್ನು ದಿವಾನದ ಮೇಲೆ ಕೂರಿಸುವುದೂ ನನ್ನದೇ. ನಾನು ಸ್ನಾತಕೋತ್ತರ ಪದವೀಧರೆ ಎಂಬುದನ್ನು ಇಲ್ಲಿ ಸುಮ್ಮನೆ ನೆನಪಿಸುತ್ತಿದ್ದೇನೆ.

ತೋರಿಸುವುದು ಯಾವಾಗಲೂ ಒಂದೇ ಸಿನಿಮಾ. ಮಾಮ ಹುಡುಗನಾಗಿ ಕಾರ್ಖಾನೆಗೆ ಸೇರಿದ ಹೊಸತರಲ್ಲಿ ಭದ್ರಾವತಿಯ ಟಾಕೀಸೊಂದಕ್ಕೆ ಬಂದಿದ್ದ ಹಾಸ್ಯಚಿತ್ರ. ಅದರ ನಿಜವಾದ ಹೆಸರು ಅವನಿಗೂ ನೆನಪಿಲ್ಲ. ಕಾರ್ಖಾನೆಯ ಕಾಲೊನಿಯಲ್ಲಿ ಎಲ್ಲರೂ ಅದನ್ನು ಎಮ್ಮೆ ಪಿಚ್ಚರ್ ಎನ್ನುತ್ತಿದ್ದರಂತೆ. ಪಾತ್ರೆ ಮಾರುವ ಹುಡುಗನೊಬ್ಬ ತಾನು ದನದ ಡಾಕ್ಟರು ಎಂದು ಹುಡುಗಿಯ ಅಪ್ಪನಿಗೆ ಸುಳ್ಳು ಹೇಳಿರುತ್ತಾನೆ. ಆ ಭಾವೀ ಮಾವನೋ ಕಾಯಿಲೆ ಬಿದ್ದ ತನ್ನ ಎಮ್ಮೆಯನ್ನು ಹೊಡೆದುಕೊಂಡು ಅಳಿಯನ ಬಾಡಿಗೆ ಮನೆಗೇ ಬಂದುಬಿಡುತ್ತಾನೆ. ಎಮ್ಮೆ ನಡುಮನೆಯಲ್ಲಿ ಮಲಗುತ್ತದೆ. ಹುಡುಗ ಸೂಜಿ ಎತ್ತುತ್ತಾನೆ. ಎಮ್ಮೆ ನಿಧಾನಕ್ಕೆ ಕತ್ತು ತಿರುಗಿಸಿ ಅವನ ಮುಖ ನೋಡುತ್ತದೆ. ವಿರಾಮ!

ಹುಡುಗ, ಹುಡುಗಿ, ಮಾವ, ಮನೆ ಮಾಲೀಕ, ಎಲ್ಲ ಪಾತ್ರವೂ ಮಾಮನೇ. ಆದರೆ ಅವನ ನಿಜವಾದ ಪ್ರತಿಭೆ ಇರುವುದು ಎಮ್ಮೆಯಲ್ಲಿ. ಅವನು ಎಮ್ಮೆಯಾಗಿ ಕತ್ತು ತಿರುಗಿಸಿ, ರೆಪ್ಪೆ ಒಂದು ಸಲ ಬಡಿದು, ಬಾಯಾಡಿಸುವುದನ್ನು ನಿಲ್ಲಿಸಿ ನೋಡುವ ಹೊತ್ತಿಗೆ ಅಜ್ಜಿಯ ಹಲ್ಲಿನ ಸೆಟ್ಟು ಕೈಗೆ ಬಂದಿರುತ್ತದೆ. ನಾನೂ ಒಮ್ಮೆ ಕನ್ನಡಿ ಮುಂದೆ ನಿಂತು ಹಾಗೆ ನೋಡಲು ಯತ್ನಿಸಿದೆ. ಅಮ್ಮ ಬಂದು ಕತ್ತು ಉಳುಕಿತೇನೆ ಎಂದು ಕೇಳಿದಳು.

ವಿರಾಮದಲ್ಲಿ ನಮಗೆಲ್ಲ ಖಾರ ಮಂಡಕ್ಕಿ. ಮಾಮ ಮಾತ್ರ ತಿನ್ನುವುದಿಲ್ಲ. ಎದ್ದು ಚಪ್ಪಲಿ ಮೆಟ್ಟಿ ಗೇಟಿನವರೆಗೆ ಹೋಗುತ್ತಾನೆ, ಸುಮ್ಮನೆ ನಿಲ್ಲುತ್ತಾನೆ, ವಾಪಸು ಬಂದು ಮುಖ ತೊಳೆದು ಉತ್ತರಾರ್ಧ ಶುರು ಮಾಡುತ್ತಾನೆ. ಇಲ್ಲೇ ನನಗೆ ತಕರಾರಿದ್ದದ್ದು. ಪೂರ್ವಾರ್ಧದಲ್ಲಿ ಎಷ್ಟು ವರ್ಷವಾದರೂ ಒಂದು ಅಕ್ಷರ ಬದಲಾಗುವುದಿಲ್ಲ. ನಡುವೆ ಕೆಮ್ಮುವ ಮನೆ ಮಾಲೀಕನ ಕೆಮ್ಮು ಕೂಡ ಅದೇ ಜಾಗದಲ್ಲಿ ಬರುತ್ತದೆ. ಉತ್ತರಾರ್ಧ ಮಾತ್ರ ಒಂದು ಸಲ ಇದ್ದಂತೆ ಇನ್ನೊಂದು ಸಲ ಇಲ್ಲ. ಎಮ್ಮೆ ಮೆಟ್ಟಿಲು ಹತ್ತಿ ಮಾಳಿಗೆಗೆ ಹೋಗುತ್ತದೆ, ಇಳಿಯಲು ಒಲ್ಲೆ ಎನ್ನುತ್ತದೆ, ಮದುವೆಯನ್ನೇ ಮಾಳಿಗೆ ಮೇಲೆ ಮಾಡಬೇಕಾಗುತ್ತದೆ. ಅಲ್ಲಿಯವರೆಗೆ ಸರಿ. ಆಮೇಲೆ ಒಂದು ಭಾನುವಾರ ಎಮ್ಮೆ ಹಾರ ತಿನ್ನುತ್ತದೆ, ಇನ್ನೊಂದು ಭಾನುವಾರ ಪುರೋಹಿತರ ಪಂಚಾಂಗ ತಿನ್ನುತ್ತದೆ. ಲೆಕ್ಕದ ಮನುಷ್ಯಳಾದ ನಾನು ಇದನ್ನೆಲ್ಲ ಸಹಿಸುವುದು ಹೇಗೆ? ಒಮ್ಮೆ ಬಾಯಿ ಹಾಕಿಯೇಬಿಟ್ಟೆ.

"ಮಾಮ, ಹೋದ್ಸಲ ಹುಡುಗಿ ಅಪ್ಪ ಸುಣ್ಣದ ತೊಟ್ಟಿಗೆ ಬಿದ್ದ ಅಂದಿದ್ದೆ. ಇವತ್ತು ಸಗಣಿ ಗುಂಡಿ ಅಂತೀಯ."

"ಎರಡಕ್ಕೂ ಬಿದ್ದ ಮಾರಾಯ್ತಿ. ಪಿಚ್ಚರ್ ಉದ್ದ ಇದೆ."

"ನೀನು ಸುಮ್ನೆ ಗೇಟು ನೋಡ್ಕೊಳೆ" ಎಂದಳು ಅಜ್ಜಿ. ಆ ದಿನ ಮಾಮನ ಖಾತೆಗೆ ಮತ್ತೆರಡು ಗೀಟು.

ಹೀಗಿರುವಾಗ ಅಜ್ಜಿಗೆ ಕಣ್ಣಿನ ಪೊರೆ ತೆಗೆಸಿದೆವು. ಕಟ್ಟು ಬಿಚ್ಚಿದ ದಿನ ಅವಳು ಮೊದಲು ನೋಡಿದ್ದು ನನ್ನ ಮುಖ. ಎಷ್ಟೋ ವರ್ಷಗಳ ಮಬ್ಬು ಕಳೆದು ಮೊಮ್ಮಗಳನ್ನು ಸ್ಪಷ್ಟವಾಗಿ ಕಾಣುವ ಆ ಕ್ಷಣಕ್ಕಾಗಿ ನಾನು ಹೊಸ ಚೂಡಿದಾರ್ ಹಾಕಿಕೊಂಡು ನಿಂತಿದ್ದೆ. "ಇಷ್ಟೊಂದು ಮೊಡವೆ ಇತ್ತೇನೆ ನಿಂಗೆ" ಎಂದಳು.

ಆದರೆ ಎರಡು ದಿನ ಬಿಟ್ಟು ನನ್ನನ್ನು ಹತ್ತಿರ ಕೂರಿಸಿಕೊಂಡು ಇನ್ನೊಂದು ಮಾತು ಹೇಳಿದಳು. ಆ ಎಮ್ಮೆ ಪಿಚ್ಚರನ್ನು ಒಂದು ಸಲ ಕಣ್ಣಲ್ಲಿ ನೋಡಬೇಕಂತೆ. ಕಾಲೊನಿಯಲ್ಲಿದ್ದಾಗ ನನ್ನ ಅಮ್ಮ ಇನ್ನೂ ಕೈಗೂಸು. ಅಜ್ಜಿಗೆ ಟಾಕೀಸಿಗೆ ಹೋಗಲು ಆಗಿರಲಿಲ್ಲ. ಈಗ ಫೋನಿನಲ್ಲೇ ಎಲ್ಲ ಸಿಗುತ್ತದಲ್ಲ, ಹುಡುಕಿ ಕೊಡು ಎಂದಳು. ಗಮನಿಸಿ, ಕೇಳಿದ್ದು ನನ್ನನ್ನು, ಮಾಮನನ್ನಲ್ಲ! ನನಗೆ ಒಳಗೊಳಗೇ ಹಬ್ಬ. ಸಿನಿಮಾ ಸಿಕ್ಕಿಬಿಟ್ಟರೆ ಮಾಮನ ಟಾಕೀಸಿಗೆ ಬೀಗ. ಟಿವಿ ಮೇಲಿನ ಟವೆಲ್ ತೆಗೆದು ಅವನ ಕೈಗೇ ಕೊಡಬಹುದು. ಅಜ್ಜಿ ನಕ್ಕಷ್ಟೂ ನಗು ನನ್ನ ಖಾತೆಗೆ.

ಹುಡುಕಾಟ ಶುರುವಾಯಿತು. ಹೆಸರಿಲ್ಲದ ಸಿನಿಮಾವನ್ನು ಹುಡುಕುವುದೆಂದರೆ ಗ್ರಂಥಾಲಯಕ್ಕೆ ಬಂದು "ಆ ಹಸಿರು ರಟ್ಟಿನ ಪುಸ್ತಕ ಕೊಡಿ" ಎನ್ನುವವರ ಹಾಗೆ. ಆದರೆ ನಾನು ಅಂಥವರಿಗೂ ಪುಸ್ತಕ ಹುಡುಕಿ ಕೊಟ್ಟವಳು. ಫೋನಿನಲ್ಲಿದ್ದ ಆ್ಯಪುಗಳನ್ನೆಲ್ಲ ಒಂದೊಂದಾಗಿ ತೆರೆದು ಎಮ್ಮೆ, ದನದ ಡಾಕ್ಟರು, ಪಾತ್ರೆ, ಹಳೆಯ ಹಾಸ್ಯ ಎಂದು ಕೇಳುತ್ತ ಹೋದೆ. ಒಂದು ಆ್ಯಪು ಹೈನುಗಾರಿಕೆಯ ತರಬೇತಿ ವಿಡಿಯೊ ತೋರಿಸಿತು. ಇನ್ನೊಂದರಲ್ಲಿ 'ಪೂರ್ತಿ ಚಿತ್ರ' ಎಂದು ಬರೆದಿತ್ತು. ಒತ್ತಿದರೆ ಒಬ್ಬ ಬಂದು ಬೆಲ್ ಬಟನ್ ಒತ್ತಿ ಎಂದು ಹೇಳಿ ಹೊರಟುಹೋದ. ಮತ್ತೊಂದರಲ್ಲಿ ಚಿತ್ರವನ್ನು ಕನ್ನಡಿಯಲ್ಲಿ ಕಂಡಂತೆ ಎಡಬಲ ಮಾಡಿ ಹಾಕಿದ್ದರು, ಧ್ವನಿಯೂ ಎಳೆದೆಳೆದು ಬರುತ್ತಿತ್ತು. ಅದೂ ಬೇರೆ ಸಿನಿಮಾ. ಅದಕ್ಕಿಂತ ಮಜವಾದದ್ದೆಂದರೆ ಒಂದು ಆ್ಯಪು ನನಗೆ ಹೇಳಿದ ಮಾತು: ಈ ಚಿತ್ರ ನಿಮ್ಮ ಪ್ರದೇಶದಲ್ಲಿ ಲಭ್ಯವಿಲ್ಲ. ಕನ್ನಡ ಸಿನಿಮಾ ಸ್ವಾಮಿ ಅದು! ನಮ್ಮ ಪ್ರದೇಶದಲ್ಲಿಲ್ಲದೆ ಇನ್ನೆಲ್ಲಿರುತ್ತದೆ, ನಾರ್ವೆಯಲ್ಲಾ?

ಸಂಗತಿ ಮಾಮನ ಕಿವಿಗೆ ಬಿತ್ತು. ಯಾವತ್ತೂ ಫೋನ್ ಮಾಡದವನು ಅಂದೇ ಫೋನ್ ಮಾಡಿದ.

"ಅದೆಲ್ಲ ಎಲ್ಲಿ ಸಿಗುತ್ತೆ ಮಾರಾಯ್ತಿ. ಅದರ ರೀಲು ಸುಟ್ಟುಹೋಯ್ತಂತೆ."

ಇರಬಹುದು ಎಂದುಕೊಂಡೆ. ಮುಂದಿನ ವಾರ ಮತ್ತೆ ಫೋನು. ಈ ಸಲ ರೀಲು ಹೊಳೆಹೊನ್ನೂರಿನಲ್ಲಿ ಭದ್ರಾ ಹೊಳೆಯ ಪಾಲಾಗಿತ್ತು.

"ಸುಟ್ಟಿದ್ದು ಹೆಂಗೆ ಮಾಮ ಹೊಳೆಗೆ ಹೋಗುತ್ತೆ?"

"ಬೂದಿ ಬಿಟ್ಟಿರ್ತಾರೆ" ಎಂದ.

ನನಗೆ ಸಂಶಯ ಬಂತು. ಸಂಶಯ ಬಂದಷ್ಟೂ ಹಟ ಬಂತು. ಕೊನೆಗೂ ಹಳೆಯ ಚಿತ್ರಗಳನ್ನೇ ಹಾಕುವ ಒಂದು ಆ್ಯಪಿನ ಮೂಲೆಯಲ್ಲಿ ಪೋಸ್ಟರೊಂದು ಕಣ್ಣಿಗೆ ಬಿತ್ತು. ಕುತ್ತಿಗೆಗೆ ಹಾರ ಹಾಕಿಕೊಂಡ ಎಮ್ಮೆ, ಪಕ್ಕದಲ್ಲಿ ಸೂಜಿ ಹಿಡಿದ ಹುಡುಗ. ಮುಂದಿನ ಭಾನುವಾರ ಮಾಮ ಬಂದಾಗ ಫೋನನ್ನು ಅವನ ಮೂಗಿನ ಹತ್ತಿರ ಹಿಡಿದೆ. ಅವನ ಕಿವಿ ಕೆಂಪಾಯಿತು.

"ಇದಲ್ಲ."

"ಎಮ್ಮೆ ಇದೆ, ಸೂಜಿ ಇದೆ."

"ನಮ್ಮ ಎಮ್ಮೆ ಬಲಗಡೆ ಕೋಡು ಬಗ್ಗಿತ್ತು. ಇದು ಬೇರೆ ಎಮ್ಮೆ."

ನೀವೇ ಹೇಳಿ, ಎಮ್ಮೆಯ ಗುರುತಿನ ಚೀಟಿಯನ್ನು ನಾನು ಎಲ್ಲಿಂದ ತರಲಿ? ಅವನು ಹೋದ ಮೇಲೆ ಮೊದಲ ಹದಿನೈದು ನಿಮಿಷ ಹಾಕಿ ನೋಡಿದೆ. ಮಾಮನ ಮಾತುಗಳು! ಅವೇ ಮಾತು, ಅದೇ ಕ್ರಮ, ಮಾಲೀಕನ ಕೆಮ್ಮು ಅದೇ ಜಾಗದಲ್ಲಿ. ಹಾಗಾದರೆ ಇದಲ್ಲ ಎಂದದ್ದೇಕೆ?

ಉತ್ತರ ಸಿಕ್ಕಿದ್ದು ಗ್ರಂಥಾಲಯದ ಊಟದ ಬಿಡುವಿನಲ್ಲಿ. ಕಪಾಟುಗಳ ಮರೆಯಲ್ಲಿ ಕೂತು, ಕಿವಿಗೆ ಇಯರ್‌ಫೋನ್ ಸಿಕ್ಕಿಸಿ, ಡಬ್ಬಿಯ ಚಿತ್ರಾನ್ನ ತಿನ್ನುತ್ತ ಉತ್ತರಾರ್ಧ ನೋಡಿದೆ. ವಿರಾಮ ಮುಗಿಯಿತು. ಆಳೊಬ್ಬ ಬಂದು ಎಮ್ಮೆ ಹುಷಾರಾಯಿತು ಎಂದ. ಅಷ್ಟೇ! ಆಮೇಲೆ ಚಿನ್ನ ಸಾಗಿಸುವ ಕಳ್ಳರು ಬಂದರು. ಹುಡುಗನ ತಾಯಿ ಎದೆ ಹಿಡಿದುಕೊಂಡರು. ಹೊಡೆದಾಟವಾಯಿತು, ಮಳೆಯಲ್ಲಿ ಹಾಡಾಯಿತು, ಪೊಲೀಸರು ಬಂದರು, ಮದುವೆಯಾಯಿತು. ಈಗ ಬರುತ್ತದೆ, ಇನ್ನೇನು ಬರುತ್ತದೆ ಎಂದು ನಾನು 'ಶುಭಂ' ಬೀಳುವವರೆಗೂ ಎಮ್ಮೆಗಾಗಿ ಕಾದೆ. ಬರಲೇ ಇಲ್ಲ. ಮಾಳಿಗೆಯೂ ಇಲ್ಲ, ಸುಣ್ಣದ ತೊಟ್ಟಿಯೂ ಇಲ್ಲ, ಸಗಣಿ ಗುಂಡಿಯೂ ಇಲ್ಲ.

ಮಾಮ ಉತ್ತರಾರ್ಧವನ್ನು ನೋಡಿಯೇ ಇಲ್ಲ!

ಆ ಗಳಿಗೆ ನನಗಾದ ಆನಂದವನ್ನು ಮುಚ್ಚಿಡುವುದಿಲ್ಲ. ಇಷ್ಟು ವರ್ಷ ಅಜ್ಜಿ ಹಲ್ಲು ಕಳಚಿಕೊಂಡು ನಕ್ಕದ್ದೆಲ್ಲ ಕಟ್ಟುಕತೆಗೆ. ಅಜ್ಜಿಯನ್ನು ಟಿವಿ ಮುಂದೆ ಕೂರಿಸುವುದು, ಮಾಮನನ್ನೂ ಪಕ್ಕದಲ್ಲೇ ಕೂರಿಸುವುದು, ಮಿಕ್ಕಿದ್ದನ್ನು ಸಿನಿಮಾವೇ ನೋಡಿಕೊಳ್ಳುತ್ತದೆ. ನಾನು ಒಂದು ಮಾತೂ ಆಡಬೇಕಾಗಿಲ್ಲ. ಭಾನುವಾರ ಗೊತ್ತು ಮಾಡಿದೆ. ಮಾಮ ಮೊದಲು ಮಂಡಿ ನೋವು ಎಂದ, ಆಮೇಲೆ ಯಾರದೋ ಗೃಹಪ್ರವೇಶ ಎಂದ. ಅಜ್ಜಿ ಫೋನ್ ಇಸಿದುಕೊಂಡು ಬಾರೋ ಎಂದಳು. ಬಂದ.

ಅವತ್ತು ಅವನು ಟಿಕೆಟ್ ಹರಿಯಲಿಲ್ಲ. ಬಸ್ಸಿನ ಟಿಕೆಟನ್ನು ಹಾಗೇ ಬೆರಳಲ್ಲಿ ಸುರುಳಿ ಸುತ್ತುತ್ತ ಬಾಗಿಲ ಹತ್ತಿರದ ಕುರ್ಚಿಯ ತುದಿಯಲ್ಲಿ ಕೂತ. ಟವೆಲ್ ಅವನ ತೊಡೆಯ ಮೇಲೇ ಇತ್ತು. ನಾನು ರಿಮೋಟ್ ಹಿಡಿದು ಟಾಕೀಸಿನ ಮಾಲೀಕಳ ಗತ್ತಿನಲ್ಲಿ ಕೂತೆ. ಸಿನಿಮಾ ಶುರುವಾಯಿತು. ಹುಡುಗ ಬಂದ, ಹುಡುಗಿ ಬಂದಳು, ಮಾಲೀಕ ಕೆಮ್ಮಿದ. ಅಜ್ಜಿ ಎಷ್ಟು ನಗುತ್ತಾಳೆಂದು ತಿರುಗಿ ನೋಡಿದರೆ, ಅವಳ ಹೊಸ ಕಣ್ಣು ಟಿವಿಯ ಮೇಲಿರಲಿಲ್ಲ. ಮಾಮನ ಮೇಲಿತ್ತು. ಮಾಮನ ತುಟಿಗಳು ಟಿವಿಗಿಂತ ಅರ್ಧ ಕ್ಷಣ ಮುಂದೆ ಆಡುತ್ತಿದ್ದವು. ಎಮ್ಮೆ ಕತ್ತು ತಿರುಗಿಸಿತು. ನಿಜ ಹೇಳಬೇಕೆಂದರೆ ಮಾಮನಷ್ಟು ಚೆನ್ನಾಗಿ ತಿರುಗಿಸಲಿಲ್ಲ. ಅದರ ಬಲಗೋಡು ಬಗ್ಗಿತ್ತು. ಪರದೆಯ ಮೇಲೆ 'ವಿರಾಮ' ಎಂದು ಬಿತ್ತು.

ಮಾಮ ಎದ್ದ. ಎದ್ದದ್ದು ಅವನಿಗೇ ಗೊತ್ತಾದಂತೆ ಕಾಣಲಿಲ್ಲ. ಗಡಿಯಾರವಿಲ್ಲದ ಮಣಿಕಟ್ಟನ್ನು ಒಮ್ಮೆ ನೋಡಿಕೊಂಡು ಬಾಗಿಲಾಚೆ ಚಪ್ಪಲಿಗೆ ಕಾಲು ಹಾಕಿದ.

"ಕೂತ್ಕೊಳೋ" ಎಂದಳು ಅಜ್ಜಿ. "ಇವತ್ತು ಡ್ಯೂಟಿ ಇಲ್ಲ."

ಮಾಮ ಒಂದು ಕಾಲಲ್ಲಿ ಚಪ್ಪಲಿ, ಇನ್ನೊಂದು ಕಾಲು ಬರಿದಾಗಿ ನಿಂತ. ಮುಖ ತೊಳೆದು ಬರುತ್ತೇನೆ ಎಂದು ಹಿತ್ತಲಿಗೆ ಹೋದ. ಅಜ್ಜಿ ನನ್ನ ಕೈಯಿಂದ ರಿಮೋಟ್ ತೆಗೆದುಕೊಂಡು, ಯಾವ ಬಟನ್ನೆಂದು ಹುಡುಕಿ, ಟಿವಿ ಆಫ್ ಮಾಡಿದಳು.

"ಅಜ್ಜಿ, ಇನ್ನೂ ಅರ್ಧ ಇದೆ."

"ಗೊತ್ತು. ಅದು ಅವನ ಹತ್ರ ಇದೆ."

ಆಮೇಲೆ ದನಿ ತಗ್ಗಿಸಿ ಹೇಳಿದ್ದು ಇಷ್ಟು. ಆ ಪಿಚ್ಚರ್ ಇದ್ದದ್ದು ಒಂದೇ ವಾರ, ಅದೂ ಬೆಳಗಿನ ಆಟ. ಆ ವಾರ ಮಾಮನಿಗೆ ಎರಡನೇ ಪಾಳಿ, ಎರಡು ಗಂಟೆಗೆ ಕಾರ್ಖಾನೆಯ ಗೇಟಿನಲ್ಲಿರಬೇಕು. ಹಾಗಾಗಿ ವಿರಾಮಕ್ಕೆ ಎದ್ದು ಸೈಕಲ್ ಹತ್ತಿ ಮನೆಗೆ ಬಂದು, ಉಂಡು, ಡಬ್ಬಿ ಹಿಡಿದು ಓಡುತ್ತಿದ್ದ. ಮಾರನೇ ದಿನ ಮತ್ತೆ ಹೋಗುತ್ತಿದ್ದ, ಮತ್ತೆ ವಿರಾಮಕ್ಕೆ ಏಳುತ್ತಿದ್ದ. ಮುಂದಿನ ವಾರ ರಾತ್ರಿ ಪಾಳಿ ಬಂದಾಗ ಪೂರ್ತಿ ನೋಡೋಣ ಎಂದುಕೊಂಡಿದ್ದನಂತೆ. ಅಷ್ಟರಲ್ಲಿ ಟಾಕೀಸಿನವರು ಪಿಚ್ಚರ್ ಎತ್ತಿಬಿಟ್ಟರು.

"ಒಂದು ಗಂಟೆಗೆ ಊಟಕ್ಕೆ ಬರೋನು ಎರಡು ಗಂಟೆಗೆ ಮುಗಿಯೋ ಪಿಚ್ಚರ್ ಹೆಂಗೆ ನೋಡಿರ್ತಾನೆ? ಬಡಿಸ್ತಿದ್ದೋಳು ನಾನಲ್ವೇನೆ?"

"ಗೊತ್ತಿದ್ದೂ ಸುಮ್ನಿದ್ಯಾ?"

"ಅರ್ಧ ಉಣ್ತಾ ಹೇಳೋನು. ಮಿಕ್ಕಿದ್ದು ಡ್ಯೂಟಿ ಮುಗಿಸಿ ಬಂದು ಹೇಳೋನು. ಎಂಟು ಗಂಟೆ ಮಿಷನ್ ಮುಂದೆ ನಿಂತ್ಕೊಂಡು ಕಟ್ಕೊಂಡು ಬರ್ತಿದ್ದ ಕಣೆ, ನನಗೆ ಅಂತ."

"ಮತ್ತೆ ಪಿಚ್ಚರ್ ನೋಡ್ಬೇಕು ಅಂದಿದ್ಯಾಕೆ?"

"ಪಾಪ, ಎಲ್ಲಿಗೆ ಬಿಟ್ಟು ಎದ್ದು ಬರ್ತಿದ್ದ ಅಂತ ನೋಡ್ಬೇಕಿತ್ತು."

ಮಾಮ ಬಂದ. ಆಫ್ ಆದ ಟಿವಿಯನ್ನು ನೋಡಿದ, ಅಜ್ಜಿಯನ್ನು ನೋಡಿದ. ಟವೆಲಿನಿಂದ ಮುಖ ಒರೆಸಿಕೊಂಡು ಅದನ್ನು ಟಿವಿಯ ಮೇಲೆ ಹೊದಿಸಿದ. ಮೊದಲು ದನಿ ಸ್ವಲ್ಪ ತಡವರಿಸಿತು. ಎಮ್ಮೆ ಮೆಟ್ಟಿಲಿನ ಹತ್ತಿರ ಬರುವ ಹೊತ್ತಿಗೆ ಸರಿಹೋಯಿತು. ಆ ದಿನ ಪಿಚ್ಚರಿನ ಮಾವ ಬಿದ್ದದ್ದು ಅಂಟಂಟು ಜೋನಿಬೆಲ್ಲದ ಕೊಪ್ಪರಿಗೆಗೆ. ಅಜ್ಜಿ ಹಲ್ಲು ಕೈಯಲ್ಲಿ ಹಿಡಿದುಕೊಂಡು, ಹೊಸ ಕಣ್ಣಲ್ಲಿ ನೀರು ಬರಿಸಿಕೊಂಡು ನಕ್ಕಳು. ಡಾಕ್ಟರು ಕಣ್ಣಿಗೆ ನೀರು ತಾಗಿಸಬೇಡಿ ಎಂದಿದ್ದಾರೆ ಎಂದು ನಾನು ನೆನಪಿಸಿದೆ. ಯಾರೂ ಕೇಳಿಸಿಕೊಳ್ಳಲಿಲ್ಲ. ಹೊಟ್ಟೆಕಿಚ್ಚು ಕಡಿಮೆಯಾಯಿತು ಎಂದುಕೊಂಡಿರಾ? ಇಲ್ಲ, ಜಾಸ್ತಿಯಾಯಿತು. ನನಗಾಗಿ ಎಂಟು ಗಂಟೆ ನಿಂತು ಯಾರು ಏನು ಕಟ್ಟಿದ್ದಾರೆ? ನಾನಾದರೂ ಯಾರಿಗೆ ಕಟ್ಟಿದ್ದೇನೆ?

ಸಂಜೆ ಮಾಮನನ್ನು ಸ್ಕೂಟರಿನಲ್ಲಿ ಬಸ್ ಸ್ಟಾಪಿಗೆ ಬಿಡಲು ಹೋದೆ. ಸ್ಟಾಪಿನಲ್ಲಿ ಇಳಿದವನು ಹೋಗು ಎನ್ನಲಿಲ್ಲ. ಕಲ್ಲುಬೆಂಚಿನ ಮೇಲೆ ಕೂತ. ನಾನೂ ಕೂತೆ.

"ನೀನು ಪೂರ್ತಿ ನೋಡಿದೀಯ ಅಲ್ವಾ?"

"ಹೂಂ ಮಾಮ."

"ಕೊನೆಗೆ ಏನಾಗುತ್ತೆ?"

ನಿನ್ನ ಫೋನಿಗೇ ಹಾಕಿಕೊಡುತ್ತೇನೆ, ಹೋಗ್ತಾ ಬಸ್ಸಲ್ಲಿ ನೋಡು ಎಂದೆ. ಬೇಡವೆಂದು ತಲೆಯಾಡಿಸಿದ.

"ನೀನೇ ಹೇಳು. ನನಗೆ ಯಾರೂ ಹೇಳಿಲ್ಲ."

ಜೇಬಿನಿಂದ ಬೆಳಗಿನ ಟಿಕೆಟ್ ತೆಗೆದ. ಸುರುಳಿ ಸುತ್ತಿ ಸುತ್ತಿ ಮೆತ್ತಗಾಗಿತ್ತು. ಬಿಡಿಸಿ ನನ್ನ ಕಡೆ ಚಾಚಿದ. ಗೇಟ್‌ಕೀಪರ್ ನಾನಲ್ಲವೇ? ಅರ್ಧ ಹರಿದು ಅರ್ಧ ವಾಪಸು ಕೊಟ್ಟೆ.

ವಿರಾಮದಿಂದ ಮುಂದಕ್ಕೆ, ಕ್ರಮವಾಗಿ, ವರದಿ ಒಪ್ಪಿಸುವಂತೆ ಶುರು ಮಾಡಿದೆ. ಚಿನ್ನದ ಕಳ್ಳರು, ತಾಯಿಯ ಎದೆನೋವು. ಮಾಮ ಗಲ್ಲಕ್ಕೆ ಕೈಕೊಟ್ಟು ಚಿಕ್ಕ ಹುಡುಗನ ಹಾಗೆ ಕೇಳುತ್ತಿದ್ದ. ಭದ್ರಾವತಿ ಭದ್ರಾವತಿ ಎನ್ನುತ್ತ ಬಸ್ಸೊಂದು ಬಂದು ನಿಂತಿತು. ಮಾಮ ಕೈಬೀಸಿ ಅದನ್ನು ಮುಂದೆ ಕಳಿಸಿದ.

"ಎಮ್ಮೆ?" ಎಂದ.

ತಾರೀಖು ಒಂದು ದಿನ ಆಚೀಚೆಯಾದರೆ ಅಳಿಸಿ ಬರೆಯುವವಳು ನಾನು.

"ಎಮ್ಮೆನಾ ಮಾಮ? ಎಮ್ಮೆ ಮಾಳಿಗೆ ಹತ್ತಿತು."

ಅವನು ನನ್ನ ಮುಖವನ್ನೇ ನೋಡಿದ, ನಿಧಾನಕ್ಕೆ ಕತ್ತು ತಿರುಗಿಸಿ.

"ಮೆಟ್ಟಿಲಲ್ಲೋ, ಏಣಿಲೋ?"

"ಏಣಿಲಿ. ಕೆಳಗೆ ಮಾವನೇ ಏಣಿ ಹಿಡ್ಕೊಂಡಿದ್ದ."

ಮಾಮ ನಕ್ಕ. ಹೊಟ್ಟೆ ಹಿಡಿದುಕೊಂಡು, ಬೆಂಚಿನ ಮೇಲೆ ಮುಂದಕ್ಕೆ ಬಾಗಿ, ಅರ್ಧ ಟಿಕೆಟ್ ಇದ್ದ ಕೈಯನ್ನು ಮುಷ್ಟಿ ಕಟ್ಟಿಕೊಂಡು ನಕ್ಕ. ಇನ್ನೊಂದು ಬಸ್ಸು ಬಂತು. ಅದನ್ನು ಈ ಸಲ ನಾನೇ ಕೈಬೀಸಿ ಕಳಿಸಿದೆ.